ಫ್ಲೆಕ್ಸಿನಿಂದ ಫೋನಿಗೆ ಬಂದ ಅಭಿಮಾನ

ಬಳ್ಳಾರಿಯಲ್ಲಿ ಫ್ಲೆಕ್ಸ್ ವಿನ್ಯಾಸ ಮತ್ತು ಮುದ್ರಣದ ಅಂಗಡಿ ನಡೆಸುವ ನನ್ನಂಥವರಿಗೆ ವರ್ಷದಲ್ಲಿ ಎರಡು ಬಗೆಯ ಸುಗ್ಗಿ ಇರುತ್ತದೆ. ಮದುವೆ, ಗೃಹಪ್ರವೇಶ, ಜಾತ್ರೆ, ಚುನಾವಣೆಗಳದು ಒಂದು. ನಟರ ಹುಟ್ಟುಹಬ್ಬ ಮತ್ತು ಚಿತ್ರಗಳ ಬಿಡುಗಡೆಯದು ಇನ್ನೊಂದು. ಜನವರಿ 8 ಯಶ್ ಅವರದು, ಫೆಬ್ರವರಿ 16 ದರ್ಶನ್ ಅವರದು, ಮಾರ್ಚ್ 17 ಪುನೀತ್ ರಾಜ್‌ಕುಮಾರ್ ಅವರದು. ಸೆಪ್ಟೆಂಬರ್ 2 ಸುದೀಪ್ ಅವರ ಹುಟ್ಟುಹಬ್ಬ. ಗಡಿಯ ಊರಾದ್ದರಿಂದ ಅದೇ ದಿನ ಹುಟ್ಟಿದ ತೆಲುಗಿನ ಪವನ್ ಕಲ್ಯಾಣ್ ಅವರ ಅಭಿಮಾನಿಗಳೂ ಅಂಗಡಿಗೆ ಬರುತ್ತಾರೆ, ಆ ವಾರ ಯಂತ್ರಕ್ಕೆ ಬಿಡುವಿರುವುದಿಲ್ಲ. ಈ ಬರಹದಲ್ಲಿ ನಾನು ಹೇಳಹೊರಟಿರುವುದು ಆ ಹುಡುಗರು ಕೇಳುವ ಕೆಲಸ ಕಳೆದ ಕೆಲವು ವರ್ಷಗಳಲ್ಲಿ ಹೇಗೆ ಬದಲಾಯಿತು, ಆ ಬದಲಾವಣೆಯಲ್ಲಿ ಯೂಟ್ಯೂಬ್, ಇನ್‌ಸ್ಟಾಗ್ರಾಂ, ಫೇಸ್‌ಬುಕ್, ಎಕ್ಸ್ ಮುಂತಾದ ವೇದಿಕೆಗಳ ಕೈವಾಡ ಎಷ್ಟು ಎಂಬುದನ್ನು.

ಅಭಿಮಾನಿಗಳ ಫ್ಲೆಕ್ಸ್ ಹೇಗಿರುತ್ತದೆ ಎಂಬುದು ಎಲ್ಲರಿಗೂ ಗೊತ್ತು. ನಡುವೆ ನಟ, ಮೇಲೆ ಶುಭಾಶಯದ ಸಾಲು, ಕೆಳಗೆ ಸಂಘದ ಹೆಸರು, ಅದರಡಿ ಸದಸ್ಯರ ಸಾಲುಸಾಲು ಭಾವಚಿತ್ರಗಳು. ಹೊರಗಿನವರು ಭಾವಿಸುವಂತೆ ಇದರಲ್ಲಿ ಸಮಯ ಹಿಡಿಯುವುದು ನಟನ ಚಿತ್ರವಲ್ಲ. ಅದು ಹಿನ್ನೆಲೆ ಕತ್ತರಿಸಿದ ರೂಪದಲ್ಲೇ ಎಲ್ಲೆಡೆ ಸಿಗುತ್ತದೆ. ನಿಜವಾದ ಕೆಲಸವಿರುವುದು ಕೆಳಗಿನ ಸಾಲಿನಲ್ಲಿ. ಅಧ್ಯಕ್ಷನ ಮುಖ ಎಷ್ಟು ದೊಡ್ಡದಿರಬೇಕು, ಉಪಾಧ್ಯಕ್ಷರಿಬ್ಬರಲ್ಲಿ ಯಾರು ಎಡಕ್ಕೆ ಯಾರು ಬಲಕ್ಕೆ, ಹಣ ಕೊಡದೆ ಹೆಸರು ಬರೆಸಿಕೊಂಡವನನ್ನು ತೆಗೆಯುವುದೋ ಬಿಡುವುದೋ, ಕಳೆದ ವರ್ಷ ಜಗಳವಾಡಿ ಹೋದವನು ಈ ವರ್ಷ ಮರಳಿ ಬಂದರೆ ಅವನಿಗೆ ಯಾವ ಜಾಗ, ಇವೆಲ್ಲವೂ ನನ್ನ ಕಂಪ್ಯೂಟರಿನ ಮುಂದೆಯೇ ತೀರ್ಮಾನವಾಗುತ್ತಿದ್ದವು. ಕೌಲ್ ಬಜಾರಿನ ಹುಡುಗನೊಬ್ಬನ ಮುಖ ರಾಯಲ್ ಸರ್ಕಲ್‌ನಲ್ಲಿ ಎರಡು ದಿನ ನಿಂತರೆ ಅವನ ತಾಯಿ, ಅವನು ದುಡಿಯುವ ಜೀನ್ಸ್ ಹೊಲಿಗೆ ಘಟಕದ ಮಾಲೀಕ, ಓಣಿಯ ಹಿರಿಯರು ಎಲ್ಲರೂ ಅದನ್ನು ನೋಡುತ್ತಿದ್ದರು. ನಟನಿಗೆ ಆ ಫ್ಲೆಕ್ಸ್ ತಲುಪುವುದೇ ಇಲ್ಲ ಎಂಬುದು ಹಾಕಿಸಿದವರಿಗೂ ತಿಳಿದಿತ್ತು. ನಟನ ಹೆಸರಿನಲ್ಲಿ ತಾವು ಊರಿಗೆ ಕಾಣುವುದೇ ಅದರ ಉದ್ದೇಶವಾಗಿತ್ತು.

ಈಗ ಬರುವ ಬೇಡಿಕೆ ಬೇರೆ. "ಅಣ್ಣಾ, ಈ ಸಲ ಫ್ಲೆಕ್ಸ್ ಸಣ್ಣದಿದ್ರೂ ನಡೀತೈತಿ, ಸಿಡಿಪಿ ಮಾತ್ರ ಜಬರ್ದಸ್ತ್ ಇರಬೇಕು ನೋಡ್ರಿ" ಎನ್ನುತ್ತಾರೆ. ಸಿಡಿಪಿ ಎಂದರೆ ಒಂದು ನಿಗದಿತ ದಿನ ಎಲ್ಲ ಅಭಿಮಾನಿಗಳೂ ತಮ್ಮ ಖಾತೆಗಳಿಗೆ ಏಕರೂಪವಾಗಿ ಹಾಕಿಕೊಳ್ಳುವ ಚೌಕಾಕಾರದ ಚಿತ್ರ. ಅದರಲ್ಲಿ ಕೆಳಗಿನ ಸಾಲಿಗೆ ಜಾಗವೇ ಇಲ್ಲ. ಬಳ್ಳಾರಿಯ ಸಂಘದವರು ತಮ್ಮ ಮುಖ ಹಾಕಿದರೆ ಸಿಂಧನೂರಿನವರು, ಮೈಸೂರಿನವರು ಅದನ್ನು ಬಳಸುವುದಿಲ್ಲ. ಬಳಸದಿದ್ದರೆ ಅದು ಹರಡುವುದಿಲ್ಲ. ಹರಡದಿದ್ದರೆ ಮಾಡಿಸಿ ಪ್ರಯೋಜನವಿಲ್ಲ. ಹೀಗಾಗಿ ಊರು, ಓಣಿ, ಹೆಸರು, ಮುಖ ಎಲ್ಲವೂ ಅಳಿದು ನಟನೊಬ್ಬನೇ ಉಳಿಯುತ್ತಾನೆ. ಫ್ಲೆಕ್ಸಿನಲ್ಲಿ ನಟನ ಕಾಲಬುಡದಲ್ಲಿ ನಿಂತು ಊರಿಗೆ ಮುಖ ತೋರಿಸುತ್ತಿದ್ದ ಹುಡುಗ ಫೋನಿನಲ್ಲಿ ನಟನ ಮುಖವನ್ನೇ ತೊಟ್ಟುಕೊಂಡು ಮಾತನಾಡುತ್ತಾನೆ. ಮುಂದೆ ಹೇಳಲಿರುವ ಒಳಿತು ಕೆಡುಕುಗಳಲ್ಲಿ ಬಹುಪಾಲು ಈ ಒಂದು ಅದಲುಬದಲಿನಿಂದ ಹುಟ್ಟಿದವು ಎಂದು ನನಗೆ ಅನ್ನಿಸುತ್ತದೆ.

ಮುಖ ಹೋದ ಜಾಗಕ್ಕೆ ಬಂದದ್ದು ಸಂಖ್ಯೆ. ಅಭಿಮಾನಕ್ಕೆ ಹಿಂದೆಯೂ ಲೆಕ್ಕಗಳಿದ್ದವು. ಎಷ್ಟು ದಿನ ಓಡಿತು, ಎಷ್ಟು ಕೇಂದ್ರಗಳಲ್ಲಿ ಶತದಿನ ಕಂಡಿತು ಎಂಬ ಮಾತು ಚಹದ ಅಂಗಡಿಗಳಲ್ಲಿ ನಡೆದೇ ಇತ್ತು. ಆದರೆ ಆ ಲೆಕ್ಕ ಚಿತ್ರಮಂದಿರದವನದು, ವಿತರಕನದು. ಅಭಿಮಾನಿ ಹೆಚ್ಚೆಂದರೆ ಇನ್ನೊಂದು ಟಿಕೆಟ್ ಕೊಳ್ಳಬಹುದಿತ್ತು. ವೇದಿಕೆಗಳು ಲೆಕ್ಕವನ್ನು ಅವನ ಅಂಗೈಗೇ ತಂದಿಟ್ಟವು, ಅದನ್ನು ಏರಿಸುವ ಕೆಲಸವನ್ನೂ ಅವನಿಗೇ ಒಪ್ಪಿಸಿದವು. ಅಲ್ಲಿಂದಾಚೆಗೆ ಯಾವುದನ್ನು ಎಣಿಸಲಾಗುತ್ತದೆಯೋ ಅದೇ ಅಭಿಮಾನವಾಯಿತು. ಎಣಿಸುವ ಬಗೆ ಬದಲಾದಾಗಲೆಲ್ಲ ಅಭಿಮಾನ ತೋರಿಸುವ ಬಗೆಯೂ ಬದಲಾಯಿತು.

ಯೂಟ್ಯೂಬನ್ನೇ ನೋಡೋಣ. 2016ರ ಸೆಪ್ಟೆಂಬರ್‌ನಲ್ಲಿ ಜಿಯೋ ಬಂದು ತಿಂಗಳುಗಟ್ಟಲೆ ಉಚಿತವಾಗಿ ಡೇಟಾ ಕೊಟ್ಟ ಮೇಲೆ ನಮ್ಮ ಕಡೆಯ ಹುಡುಗರಿಗೆ ವಿಡಿಯೋ ನೋಡುವುದು ದುಬಾರಿಯ ಮಾತಾಗಿ ಉಳಿಯಲಿಲ್ಲ. ಟೀಸರ್ ಬಂದ ಮೊದಲ 24 ಗಂಟೆಗಳ ವೀಕ್ಷಣೆ ಎಂಬುದೊಂದು ಹೊಸ ದಾಖಲೆ ಹುಟ್ಟಿಕೊಂಡಿತು. 2021ರ ಜನವರಿ 7ರ ರಾತ್ರಿ, ಸೋರಿಕೆಯಾದ ಕಾರಣ ನಿಗದಿಗಿಂತ ಮೊದಲೇ ಬಿಡುಗಡೆಯಾದ ‘ಕೆಜಿಎಫ್ 2’ ಟೀಸರ್ ಎರಡು ದಿನಗಳೊಳಗೆ 10 ಕೋಟಿ ವೀಕ್ಷಣೆಯನ್ನು ದಾಟಿದಾಗ, ಜೀನ್ಸ್ ಘಟಕಗಳಲ್ಲಿ ಹೊಲಿಗೆ ಯಂತ್ರದ ಪಕ್ಕದಲ್ಲಿ ಫೋನಿನ ದನಿ ಕಿರಿದಾಗಿಸಿ ಅದನ್ನೇ ಮತ್ತೆ ಮತ್ತೆ ಓಡಲು ಬಿಟ್ಟ ಹುಡುಗರನ್ನು ನಾನು ಬಲ್ಲೆ. ಅವರು ಅದನ್ನು ನೋಡುತ್ತಿರಲಿಲ್ಲ; ಓಡಿಸುತ್ತಿದ್ದರು. ನೋಡುವುದಕ್ಕೂ ಓಡಿಸುವುದಕ್ಕೂ ಇರುವ ಈ ಅಂತರ ವೇದಿಕೆಯವರಿಗೂ ತಿಳಿಯದ ಸಂಗತಿಯೇನಲ್ಲ. ಹಣ ಕೊಟ್ಟು ಜಾಹೀರಾತಿನ ಮೂಲಕ ಬರಿಸಿದ ವೀಕ್ಷಣೆಗಳನ್ನು ಇನ್ನು ಮುಂದೆ ತನ್ನ ಸಂಗೀತ ಪಟ್ಟಿಗಳಲ್ಲಿ ಮತ್ತು 24 ಗಂಟೆಯ ದಾಖಲೆಗಳಲ್ಲಿ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲವೆಂದು ಯೂಟ್ಯೂಬ್ 2019ರ ಸೆಪ್ಟೆಂಬರ್‌ನಲ್ಲಿಯೇ ಪ್ರಕಟಿಸಿತ್ತು. ಹಣದ ವೀಕ್ಷಣೆಯ ಬೆಲೆ ಇಳಿದಷ್ಟೂ ಬಿಟ್ಟಿಯಾಗಿ ದುಡಿಯುವ ಅಭಿಮಾನಿಯ ಬೆಲೆ ಏರುವುದು ಸಹಜ.

ಡಿಸ್‌ಲೈಕಿನ ಕಥೆ ಇನ್ನೂ ಸ್ಪಷ್ಟವಾದುದು. ಎದುರಾಳಿ ನಟನ ಟೀಸರಿಗೆ ಒಟ್ಟಾಗಿ ಹೋಗಿ ಹೆಬ್ಬೆರಳು ಕೆಳಗೆ ಒತ್ತುವುದು ಒಂದು ಕಾಲದಲ್ಲಿ ಅಭಿಮಾನಿ ಬಳಗಗಳ ನಿತ್ಯಕರ್ಮದಂತಿತ್ತು. 2021ರ ನವೆಂಬರ್‌ನಲ್ಲಿ ಯೂಟ್ಯೂಬ್ ಆ ಸಂಖ್ಯೆಯನ್ನು ಸಾರ್ವಜನಿಕರಿಗೆ ಕಾಣದಂತೆ ಮಾಡಿತು. ಒತ್ತುವ ಗುಂಡಿ ಈಗಲೂ ಇದೆ, ಒತ್ತಿದರೆ ಲೆಕ್ಕವೂ ಆಗುತ್ತದೆ, ಚಾನೆಲ್‌ನವರಿಗೆ ಕಾಣುತ್ತದೆ. ಆದರೂ ನನ್ನ ಅಂಗಡಿಗೆ ಬರುವವರ ಬಾಯಲ್ಲಿ ಡಿಸ್‌ಲೈಕಿನ ಮಾತೇ ನಿಂತುಹೋಯಿತು. ಊರಿಗೆ ಕಾಣದ ಏಟಿನಲ್ಲಿ ಅವರಿಗೆ ರುಚಿ ಇರಲಿಲ್ಲ. ಆ ಸಿಟ್ಟು ಆರಲಿಲ್ಲ, ಟಿಕೆಟ್ ಆ್ಯಪುಗಳ ರೇಟಿಂಗಿಗೆ ಸ್ಥಳಾಂತರಗೊಂಡಿತು: ಬೆಳಗಿನ ಆಟ ಮುಗಿಯುವ ಮುನ್ನವೇ ನಮ್ಮ ಚಿತ್ರಕ್ಕೆ ಹತ್ತಕ್ಕೆ ಹತ್ತು, ಅವರ ಚಿತ್ರಕ್ಕೆ ಒಂದು. ಚಿತ್ರಗಳಿಗೆ ನೋಡುಗರು ಕೊಟ್ಟ ಅಂಕ ತೋರಿಸುವ ಐಎಂಡಿಬಿಯಂಥ ತಾಣಗಳು ಇಂಥ ಆಟವನ್ನು ತಗ್ಗಿಸಲೆಂದೇ ಸರಳ ಸರಾಸರಿಯನ್ನು ಬಿಟ್ಟು ತೂಕ ಹಾಕಿದ ಸರಾಸರಿಯನ್ನು ತೋರಿಸುತ್ತವೆ. ಆ ತೂಕದ ಸೂತ್ರವನ್ನು ಅವು ಹೊರಗೆಡಹುವುದಿಲ್ಲ. ಗುಟ್ಟು ತಿಳಿದರೆ ಮರುದಿನವೇ ಅದಕ್ಕೊಂದು ಉಪಾಯ ಹುಡುಕುವವರು ಬಳಗದಲ್ಲಿದ್ದಾರೆ.

ಎಕ್ಸ್‌ನಲ್ಲಿ, ಅಂದರೆ ಹಿಂದಿನ ಟ್ವಿಟರ್‌ನಲ್ಲಿ, ಟ್ರೆಂಡ್ ಪಟ್ಟಿ ನಿರ್ಧಾರವಾಗುವುದು ಒಟ್ಟು ಮೊತ್ತಕ್ಕಿಂತ ಹೆಚ್ಚಾಗಿ ಏರುವ ವೇಗದಿಂದ. ಮೂರು ದಿನ ಹರಿದು ಬಂದ ಲಕ್ಷ ಮಾತುಗಳಿಗಿಂತ ಒಂದೇ ಗಂಟೆಯಲ್ಲಿ ಒತ್ತರಿಸಿ ಬಂದ ಕೆಲವು ಸಾವಿರಗಳಿಗೆ ಅಲ್ಲಿ ಬೆಲೆ. ಇದನ್ನು ಅರಿತ ಬಳಗಗಳು ಹ್ಯಾಷ್‌ಟ್ಯಾಗನ್ನು ಗುಟ್ಟಾಗಿಟ್ಟು, ಸಂಜೆ ಇಷ್ಟು ಗಂಟೆಗೆ ಎಂದು ವಾಟ್ಸ್ಆ್ಯಪ್ ಗುಂಪಿನಲ್ಲಿ ಸಾರಿ, ಅದಕ್ಕೂ ಮೊದಲು ಯಾರಾದರೂ ಬಳಸಿದರೆ ಬೈದು ಅಳಿಸಿಸುತ್ತವೆ. ವರ್ಷಕ್ಕೊಮ್ಮೆಯೂ ಆ ಆ್ಯಪ್ ತೆರೆಯದ, ಕನ್ನಡ ಬೆರಳಚ್ಚನ್ನೂ ಸರಿಯಾಗಿ ಅರಿಯದ ಹುಡುಗರು ಆ ಒಂದು ಗಂಟೆಗಾಗಿ ಖಾತೆ ತೆರೆದು ಸಿದ್ಧವಾಕ್ಯಗಳನ್ನು ಅಂಟಿಸುತ್ತಾರೆ. ತಮ್ಮ ನಟನ ಬಗ್ಗೆ ಸ್ವಂತ ಮಾತಿನಲ್ಲಿ ಗಂಟೆಗಟ್ಟಲೆ ಹೇಳಬಲ್ಲವರು ಇವರೇ ಎಂಬುದು ನನಗೆ ಬೇಸರ ತರುವ ಸಂಗತಿ.

ನನ್ನ ಅನುಭವದಲ್ಲಿ ಹಳೆಯ ಫ್ಲೆಕ್ಸಿಗೆ ಅತಿ ಹತ್ತಿರದ್ದು ವಾಟ್ಸ್ಆ್ಯಪ್ ಸ್ಟೇಟಸ್. 24 ಗಂಟೆಯಲ್ಲಿ ಮಾಯವಾಗುವ ಅದನ್ನು ನೋಡುವವರು ಫೋನ್ ಸಂಖ್ಯೆ ಇರುವ ಪರಿಚಿತರೇ. ಯಾರು ನೋಡಿದರು ಎಂಬುದು ಹಾಕಿದವನಿಗೆ ಹೆಸರು ಸಮೇತ ತಿಳಿಯುತ್ತದೆ. ಎಷ್ಟು ಮಂದಿ ನೋಡಿದರು ಎಂಬುದು ಎದುರಾಳಿಗೆ ತಿಳಿಯುವುದಿಲ್ಲ. ಪೈಪೋಟಿಗೆ ಆಸ್ಪದವಿಲ್ಲದ ಕಾರಣಕ್ಕೋ ಏನೋ ಸ್ಟೇಟಸ್‌ನಲ್ಲಿ ಹಾಡಿನ ತುಣುಕು, ಅಪ್ಪು ಅವರ ನಗುಮುಖ, ಹಳೆಯ ಚಿತ್ರದ ಸಂಭಾಷಣೆ ಇಂಥವೇ ಹೆಚ್ಚು, ಬೈಗುಳ ಕಡಿಮೆ.

ಗಡಿಯ ಊರಿನ ಮಾತಿಗೆ ಬರುತ್ತೇನೆ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಹುಟ್ಟಿದಾಗ ಬಳ್ಳಾರಿ ಮೈಸೂರಿಗೆ ಸೇರಿತು. ಆದೋನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆ ಕಡೆಗೆ ಹೋದವು. ಸಂಬಂಧಗಳು ಮಾತ್ರ ಗೆರೆಯ ಎರಡೂ ಕಡೆ ಉಳಿದವು, ಸಿನಿಮಾದ ರುಚಿಯೂ ಹಾಗೆಯೇ. ಚಿತ್ರಮಂದಿರಗಳ ಕಾಲದಲ್ಲಿ ಕನ್ನಡದ ಅಭಿಮಾನಿಗೂ ತೆಲುಗಿನ ಅಭಿಮಾನಿಗೂ ಒಂದೇ ಗೋಡೆಯ ಪೋಸ್ಟರುಗಳು ಕಾಣುತ್ತಿದ್ದವು. ಯಾವ ಚಿತ್ರಕ್ಕೆ ಎಷ್ಟು ಆಟ ಸಿಕ್ಕಿತೆಂದು ಜಗಳವಾದರೂ ಅದು ಮುಖಾಮುಖಿ ನಡೆದು, ಸಂಜೆ ಒಂದೇ ಮಿರ್ಚಿ ಬಂಡಿಯ ಮುಂದೆ ತಣ್ಣಗಾಗುತ್ತಿತ್ತು. ಫೋನು ಹಾಗಲ್ಲ. ಅದು ಒಬ್ಬೊಬ್ಬನಿಗೂ ಅವನು ನಿನ್ನೆ ನೋಡಿದ್ದನ್ನು ಆಧರಿಸಿ ಇಂದಿನದನ್ನು ಬಡಿಸುತ್ತದೆ. ಒಂದೇ ಮನೆಯ ಅಣ್ಣನ ಫೋನಿನಲ್ಲಿ ಬರೀ ತೆಲುಗು ಟ್ರೇಲರುಗಳು, ತಮ್ಮನದರಲ್ಲಿ ಅವುಗಳ ಸುಳಿವೂ ಇಲ್ಲ. ಇಬ್ಬರಿಗೂ ತಮ್ಮ ನಟನೇ ಜಗತ್ತನ್ನು ಆಳುತ್ತಿದ್ದಾನೆಂಬ ನಂಬಿಕೆ, ಇಬ್ಬರ ಕೈಯಲ್ಲೂ ಅದಕ್ಕೆ ಸಾಕ್ಷಿ.

ಡಬ್ಬಿಂಗ್ ವಿಷಯದಲ್ಲಿ ಮಾತ್ರ ವೇದಿಕೆಗಳು ನಮಗೆ ಬೇರೊಂದು ಬಾಗಿಲು ತೆರೆದವು. ಕನ್ನಡಕ್ಕೆ ಡಬ್ ಮಾಡುವುದನ್ನು ದಶಕಗಳ ಕಾಲ ಚಿತ್ರರಂಗವೇ ತಡೆದಿತ್ತು. ಆ ತಡೆ ಸ್ಪರ್ಧೆಗೆ ವಿರುದ್ಧವೆಂದು ಭಾರತೀಯ ಸ್ಪರ್ಧಾ ಆಯೋಗ 2015ರಲ್ಲಿ ಆದೇಶಿಸಿತು. ಅದರ ಬೆನ್ನಿಗೇ ಒಟಿಟಿಗಳು ಬೆಳೆದು ಒಂದೇ ಚಿತ್ರಕ್ಕೆ ಹಲವು ಭಾಷೆಗಳ ಧ್ವನಿಯನ್ನು ಇಟ್ಟುದರಿಂದ, ತೆಲುಗು ಬಾರದ ಕೊಪ್ಪಳದ ಹುಡುಗನೂ ಕನ್ನಡದಲ್ಲೇ ತೆಲುಗು ನಟನ ಅಭಿಮಾನಿಯಾಗುವುದು ಸಾಧ್ಯವಾಯಿತು. ಚಿತ್ರಮಂದಿರಗಳಲ್ಲಿ ಬಳ್ಳಾರಿಯವರು ತೆಲುಗನ್ನು ತೆಲುಗಿನಲ್ಲೇ ನೋಡುತ್ತಾರೆ, ಅದು ಹಳೆಯ ಅಭ್ಯಾಸ. ಕನ್ನಡದ ಧ್ವನಿಯಲ್ಲಿ ಎಷ್ಟು ಮಂದಿ ನೋಡಿದರು ಎಂಬ ಲೆಕ್ಕವನ್ನಾದರೂ ಈ ಕಂಪನಿಗಳು ಸಾಮಾನ್ಯವಾಗಿ ಹೊರಗೆ ಕೊಡುವುದಿಲ್ಲ. ಅಭಿಮಾನಿಗಳು ಏರಿಸಬೇಕಾದ ಸಂಖ್ಯೆಗಳೆಲ್ಲ ಬಯಲಿನಲ್ಲಿರುವಾಗ, ಭಾಷೆಯ ಅಗತ್ಯವನ್ನು ಸಾಬೀತುಪಡಿಸಬಲ್ಲ ಈ ಒಂದು ಸಂಖ್ಯೆ ಬೀಗದೊಳಗಿದೆ.

ಕಿರು ವಿಡಿಯೋಗಳು ಬಂದ ಮೇಲೆ ಚಿತ್ರ ಮತ್ತು ಅಭಿಮಾನದ ನಂಟು ಇನ್ನಷ್ಟು ಸಡಿಲವಾಯಿತು. ಟಿಕ್‌ಟಾಕ್ ನಮ್ಮ ಹಳ್ಳಿಗಳಲ್ಲಿ ಹರಡಿದಷ್ಟು ವೇಗವಾಗಿ ಬೇರಾವುದೂ ಹರಡಿರಲಿಲ್ಲ. ಸಿನಿಮಾ ಸಂಭಾಷಣೆಗೆ ತುಟಿ ಕೂಡಿಸಿದ ಗದ್ದೆ ಕೆಲಸದವರು, ಬಸ್ ನಿರ್ವಾಹಕರು, ಗೃಹಿಣಿಯರು ತಾವೇ ಪುಟ್ಟ ತಾರೆಗಳಾದರು. 2020ರ ಜೂನ್ 29ರಂದು ಕೇಂದ್ರ ಸರ್ಕಾರ ಅದನ್ನೂ ಸೇರಿಸಿ 59 ಆ್ಯಪುಗಳನ್ನು ನಿಷೇಧಿಸಿದಾಗ ಅವರ ಹಿಂಬಾಲಕರೆಲ್ಲ ಒಂದೇ ರಾತ್ರಿಯಲ್ಲಿ ಇಲ್ಲವಾದರು. ಮರುತಿಂಗಳೇ ಇನ್‌ಸ್ಟಾಗ್ರಾಂ ರೀಲ್ಸ್, ಸೆಪ್ಟೆಂಬರ್‌ನಲ್ಲಿ ಯೂಟ್ಯೂಬ್ ಶಾರ್ಟ್ಸ್ ಭಾರತಕ್ಕೆ ಬಂದವು. ಒಪ್ಪವಾದ ಬಟ್ಟೆ, ಚೊಕ್ಕ ಹಿನ್ನೆಲೆ ಉಳ್ಳವರು ಅಲ್ಲಿ ಬೇಗ ಬೇರೂರಿದರು. ಟಿಕ್‌ಟಾಕ್‌ನ ನಮ್ಮ ಹಳ್ಳಿಯವರಲ್ಲಿ ಬಹಳಷ್ಟು ಮಂದಿ ಮತ್ತೆ ಕಾಣಿಸಿಕೊಳ್ಳಲೇ ಇಲ್ಲ. ಹಾಡುಗಳೂ ಅದಕ್ಕೆ ತಕ್ಕಂತೆ ಬದಲಾದವು. 2025ರ ಜುಲೈನಲ್ಲಿ ತೆರೆಕಂಡ ‘ಜೂನಿಯರ್’ ಚಿತ್ರದ ನಾಯಕ ಬಳ್ಳಾರಿಯ ರಾಜಕಾರಣಿ ಜನಾರ್ದನ ರೆಡ್ಡಿ ಅವರ ಮಗ ಕಿರೀಟಿ. ಊರಿನ ನಂಟಿರುವ ಚಿತ್ರ. ಆದರೂ ಅದರ ಒಂದು ಹಾಡಿಗೆ ಹೆಜ್ಜೆ ಹಾಕಿ ರೀಲ್ಸ್ ಮಾಡಿದ ನಮ್ಮ ಬೀದಿಯ ಹುಡುಗಿಯರಲ್ಲಿ ಎಷ್ಟೋ ಮಂದಿ ಚಿತ್ರವನ್ನು ನೋಡಿರಲಿಲ್ಲ, ನೋಡುವ ಕುತೂಹಲವೂ ಅವರಿಗೆ ಇರಲಿಲ್ಲ. ಅವರನ್ನು ಆ ಚಿತ್ರದ ಅಭಿಮಾನಿಗಳೆನ್ನಬೇಕೋ ಬೇಡವೋ ನನಗೆ ತಿಳಿಯದು. ಇನ್‌ಸ್ಟಾಗ್ರಾಂ ಲೆಕ್ಕದಲ್ಲಿ ಹೌದು.

ಕೆಡುಕಿನ ಮಾತನ್ನು ಮುಂದೂಡುತ್ತ ಬಂದಿದ್ದೇನೆ, ಇನ್ನು ಹೇಳಲೇಬೇಕು. 2022ರ ಡಿಸೆಂಬರ್ 18ರಂದು ಪಕ್ಕದ ಹೊಸಪೇಟೆಯಲ್ಲಿ ‘ಕ್ರಾಂತಿ’ ಚಿತ್ರದ ಹಾಡಿನ ಬಿಡುಗಡೆ ಸಮಾರಂಭದಲ್ಲಿ ವೇದಿಕೆಯ ಮೇಲಿದ್ದ ದರ್ಶನ್ ಅವರತ್ತ ಚಪ್ಪಲಿ ತೂರಿಬಂತು. ಅದನ್ನು ನಟ ಶಿವರಾಜ್‌ಕುಮಾರ್ ಅವರೂ ಖಂಡಿಸಿದರು. ಹೊಸಪೇಟೆ ಅಪ್ಪು ಅಭಿಮಾನಿಗಳ ಗಟ್ಟಿ ನೆಲ. ಅಲ್ಲಿ ಎರಡು ಬಳಗಗಳ ನಡುವೆ ಏನಾದರೂ ನಡೆದರೆ ಹಿರಿಯರು ಕೂತು ಬಗೆಹರಿಸುವ ರೂಢಿ ಇತ್ತು. ಆದರೆ ಕೆಲವು ಸೆಕೆಂಡುಗಳ ಆ ದೃಶ್ಯ ಫೋನುಗಳಿಗೆ ಹೋಗಿ, ಹೊಸಪೇಟೆಯನ್ನೇ ನೋಡದವರ ಜಗಳವಾಗಿ ವಾರಗಟ್ಟಲೆ ಉರಿಯಿತು. ಕಾರಣ ಸರಳ: ವೇದಿಕೆಗೆ ಮೆಚ್ಚುಗೆಯ ಮಾತೂ ಒಂದು ಕಾಮೆಂಟ್, ಬೈಗುಳವೂ ಒಂದು ಕಾಮೆಂಟ್, ಬೈಗುಳಕ್ಕೆ ಉತ್ತರವಾಗಿ ಇನ್ನೂ ಹತ್ತು ಬರುತ್ತವೆ, ಹತ್ತು ಬಂದದ್ದು ಇನ್ನೂ ನೂರು ಜನರಿಗೆ ಕಾಣುತ್ತದೆ. ಈ ಬೈಗುಳಗಳನ್ನು ಬರೆದ ಖಾತೆಗಳಲ್ಲಿ ಬಹುಪಾಲಿನ ಮುಖಚಿತ್ರ ಯಾವುದಾದರೂ ನಟನದೇ ಆಗಿರುತ್ತಿತ್ತು. ರಾಯಲ್ ಸರ್ಕಲ್‌ನಲ್ಲಿ ತನ್ನ ಮುಖದ ಕೆಳಗೆ ಯಾರೂ ಬರೆಸದ ಮಾತುಗಳು ಅವು.

2024ರಲ್ಲಿ ಚಿತ್ರದುರ್ಗದ ಯುವಕನೊಬ್ಬನ ಕೊಲೆ ಪ್ರಕರಣದಲ್ಲಿ ಆರೋಪಿಯಾಗಿ ಬಂಧಿತರಾದ ದರ್ಶನ್ ಅವರನ್ನು, ಬೆಂಗಳೂರಿನ ಜೈಲಿನೊಳಗಿನ ಅವರ ಫೋಟೋಗಳು ಜಾಲತಾಣಗಳಲ್ಲಿ ಹರಡಿದ ಬಳಿಕ, ಆಗಸ್ಟ್ ಕೊನೆಯಲ್ಲಿ ಬಳ್ಳಾರಿಯ ಕೇಂದ್ರ ಕಾರಾಗೃಹಕ್ಕೆ ತಂದರು. ಅಕ್ಟೋಬರ್ 30ರಂದು ಮಧ್ಯಂತರ ಜಾಮೀನಿನ ಮೇಲೆ ಹೊರಬರುವವರೆಗೆ ಅವರು ಇಲ್ಲಿದ್ದರು. ಜೈಲಿನ ಮುಂದೆ ಮೈಕು ಹಿಡಿದ ಯೂಟ್ಯೂಬ್ ಚಾನೆಲ್‌ನವರು ನೆರೆದರು. ಯಾರಾದರೂ ಅತ್ತರೆ, ಕೂಗಿದರೆ, ಅದೊಂದು ತಲೆಬರಹವಾಗುತ್ತಿತ್ತು. ದೂರದೂರಿನಿಂದ ಬಂದು ಸುಮ್ಮನೆ ನಿಂತು ಹೋದವರತ್ತ ಯಾವ ಮೈಕೂ ತಿರುಗಲಿಲ್ಲ. ಬೆಂಗಳೂರಿನಲ್ಲಿ ಅವರಿಗೆ ಕೊಟ್ಟಿದ್ದ ಕೈದಿ ಸಂಖ್ಯೆ 6106 ಎಂಬುದು ಅಷ್ಟರಲ್ಲಿ ಬೈಕುಗಳ ಮೇಲಿನ ಸ್ಟಿಕರ್ ಆಗಿಬಿಟ್ಟಿತ್ತು. ನನ್ನಲ್ಲಿಗೂ ಅದನ್ನು ಕೇಳಿ ಬಂದರು. ಸತ್ತವನ ಮನೆಯವರು ಆ ಅಂಕಿಯನ್ನು ಬೀದಿಯಲ್ಲಿ ನೋಡಿದರೆ ಹೇಗಾದೀತೆಂಬ ಒಂದೇ ಯೋಚನೆಯಿಂದ ನಾನು ಕತ್ತರಿಸಿಕೊಡಲಿಲ್ಲ. ಪಕ್ಕದ ರಸ್ತೆಯಲ್ಲಿ ಸಿಕ್ಕಿತು. ಮರುವರ್ಷ, 2025ರ ಜುಲೈನಲ್ಲಿ, ಆ ಕುಟುಂಬಕ್ಕೆ ನ್ಯಾಯ ಸಿಗಲೆಂದು ಬರೆದ ನಟಿ ರಮ್ಯಾ ಅವರ ಮೇಲೆ ಅಶ್ಲೀಲ ಬೈಗುಳದ ಮಳೆಯೇ ಸುರಿದು, ಅವರು 43 ಖಾತೆಗಳ ವಿರುದ್ಧ ಬೆಂಗಳೂರು ಪೊಲೀಸರಿಗೆ ದೂರು ಕೊಟ್ಟರು, ಬಂಧನಗಳೂ ಆದವು. ತೊಟ್ಟ ಮುಖ ಕಳಚಿದ ಮೇಲೆ ಒಳಗಿದ್ದವರು ಯಾವುದೋ ಊರಿನ, ಮನೆಯಲ್ಲಿ ಅಮ್ಮ ಅಕ್ಕತಂಗಿಯರಿರುವ ಸಾಮಾನ್ಯ ಹುಡುಗರೇ.

ಇಷ್ಟೆಲ್ಲ ಹೇಳಿದ ಮೇಲೆ ಫ್ಲೆಕ್ಸಿನ ಕಾಲವೇ ಚೆನ್ನಾಗಿತ್ತು ಎಂದು ನನ್ನ ಬಾಯಿಂದ ಬರಬೇಕೆಂದು ಓದುವವರು ನಿರೀಕ್ಷಿಸಿಯಾರು. ವ್ಯಾಪಾರದ ದೃಷ್ಟಿಯಿಂದಲೂ ನಾನು ಹಾಗೆ ಹೇಳಬೇಕಾದವನೇ. ಆದರೆ 2024ರ ಜನವರಿ 8ರ ನಸುಕಿನಲ್ಲಿ ಗದಗ ಜಿಲ್ಲೆಯ ಸೂರಣಗಿಯಲ್ಲಿ ಯಶ್ ಹುಟ್ಟುಹಬ್ಬದ ಕಟೌಟ್ ನಿಲ್ಲಿಸುತ್ತಿದ್ದಾಗ ವಿದ್ಯುತ್ ತಂತಿ ತಗುಲಿ ಮೂವರು ಯುವಕರು ಸತ್ತರು. ಯಶ್ ಆ ಮನೆಗಳಿಗೆ ಬಂದು, ಅಭಿಮಾನವನ್ನು ಹೀಗೆ ತೋರಿಸಬೇಡಿರೆಂದು ಬೇಡಿಕೊಂಡರು. ಅಂದಿನಿಂದ ಎತ್ತರದ ಕಟೌಟಿನ ಆರ್ಡರ್ ಬಂದರೆ ಎಲ್ಲಿ ನಿಲ್ಲಿಸುತ್ತೀರಿ, ಮೇಲೆ ತಂತಿ ಇದೆಯೇ ಎಂದು ಕೇಳದೆ ನಾನು ಮುಂಗಡ ಹಿಡಿಯುವುದಿಲ್ಲ. ಸಿಡಿಪಿಯಿಂದ ಯಾರೂ ಸತ್ತಿಲ್ಲ ಎಂಬುದನ್ನು ಒಪ್ಪಿಕೊಳ್ಳಬೇಕು.

ಒಪ್ಪಿಕೊಳ್ಳಬೇಕಾದ ಇನ್ನೂ ದೊಡ್ಡ ಸಂಗತಿಯೆಂದರೆ, ಬೆಂಗಳೂರಿನ ಚಿತ್ರರಂಗ ಎಂದೂ ತಿರುಗಿ ನೋಡದ ನಮ್ಮ ಕಡೆಯ ಮಾತು ಮತ್ತು ಹಾಡಿಗೆ ಯೂಟ್ಯೂಬ್ ಕೊಟ್ಟ ಜಾಗ. ಗಂಗಾವತಿ ಪ್ರಾಣೇಶ್ ಅವರ ಹಾಸ್ಯ ಕ್ಯಾಸೆಟ್ಟು, ಸಿ.ಡಿ.ಗಳ ಕಾಲದಲ್ಲೇ ಮನೆಮಾತಾಗಿತ್ತು. ಫೋನು ಬಂದ ಮೇಲೆ ಅವರ ಭಾಷಣಗಳ ತುಣುಕುಗಳು ಹಳೆ ಮೈಸೂರಿನ ಕಡೆಯವರ ಬಾಯಲ್ಲೂ ನಮ್ಮ ಮಾತಿನ ಧಾಟಿಯನ್ನು ಆಡಿಸಿದವು. ಭತ್ತದ ಸುಗ್ಗಿಯಲ್ಲಿ ಸಿರುಗುಪ್ಪ, ಸಿಂಧನೂರು, ಗಂಗಾವತಿಯ ರಸ್ತೆಗಳಲ್ಲಿ ಟ್ರ್ಯಾಕ್ಟರುಗಳು ಹಾಡಿಸುತ್ತ ಹೋಗುವ ಜಾನಪದ ಶೈಲಿಯ ಹಾಡುಗಳಿಗೆ ಯಾವ ಆಡಿಯೋ ಕಂಪನಿಯ ಹಂಗೂ ಇಲ್ಲ. ಬರೆದವರು, ಹಾಡಿದವರು, ಚಿತ್ರೀಕರಿಸಿದವರು ಎಲ್ಲರೂ ಸುತ್ತಲಿನ ಹಳ್ಳಿಗಳವರು. ಇಲ್ಲಿಯೂ ಎಣಿಕೆಯ ಆಳ್ವಿಕೆ ಇದ್ದೇ ಇದೆ. ಜಾಹೀರಾತಿನ ಹಣ ಬರಬೇಕಾದರೆ ಒಂದು ಸಾವಿರ ಚಂದಾದಾರರು ಮತ್ತು ಹನ್ನೆರಡು ತಿಂಗಳಲ್ಲಿ 4,000 ಗಂಟೆಗಳ ವೀಕ್ಷಣೆ ಬೇಕೆಂದು ಯೂಟ್ಯೂಬ್ 2018ರಲ್ಲಿ ನಿಯಮ ಮಾಡಿತು. ಆ 4,000 ಗಂಟೆ ತುಂಬಿಸುವುದಕ್ಕಾಗಿ ಹಾಡುಗಾರರು ವಾರಕ್ಕೊಂದು ಹಾಡು ಹೊರತರತೊಡಗಿದರು, ಹಾಸ್ಯದವರು ಐದು ನಿಮಿಷದ ಪ್ರಸಂಗವನ್ನು ಹತ್ತು ನಿಮಿಷಕ್ಕೆ ಎಳೆಯತೊಡಗಿದರು. ಎಳೆದದ್ದು ಕಾಣುತ್ತದೆ. ಆದರೂ ಜನ ನೋಡುತ್ತಾರೆ, ಏಕೆಂದರೆ ಅದರಲ್ಲಿ ತಮ್ಮ ಊರಿನ ಕಟ್ಟೆ, ತಮ್ಮ ಮನೆಯ ಬೈಗುಳ, ತಮ್ಮ ಅತ್ತೆ ಸೊಸೆ ಕಾಣುತ್ತಾರೆ.

ಜಾತ್ರೆಯ ನಾಟಕಗಳ ಮತ್ತು ರಸಮಂಜರಿಗಳ ಪೋಸ್ಟರಿನಲ್ಲಿ ಈ ಬದಲಾವಣೆಯನ್ನು ನೇರವಾಗಿ ಓದಬಹುದು. ಹಿಂದೆ ಕಲಾವಿದರ ಹೆಸರಿನ ಹಿಂದೆ ‘ರಾಜ್ಯೋತ್ಸವ ಪ್ರಶಸ್ತಿ ವಿಜೇತ’ ಎಂದೋ ‘ಅಭಿನವ’ ಎಂದೋ ಬರೆಯುತ್ತಿದ್ದೆವು. ಈಗ ‘ಸರಿಗಮಪ ಖ್ಯಾತಿಯ’, ‘ಕಾಮಿಡಿ ಕಿಲಾಡಿಗಳು ಖ್ಯಾತಿಯ’, ‘ಯೂಟ್ಯೂಬ್ ಖ್ಯಾತಿಯ’ ಎಂದು ಬರೆಯುತ್ತೇವೆ, ಅಕ್ಷರದ ಗಾತ್ರ ವೀಕ್ಷಣೆಯ ಸಂಖ್ಯೆಗೆ ತಕ್ಕಂತೆ. ಬಳ್ಳಾರಿಯ ರಂಗಕಲಾವಿದೆ ಸುಭದ್ರಮ್ಮ ಮನ್ಸೂರು ಅವರ ರಂಗಗೀತೆ ಈ ಅಳತೆಯಲ್ಲಿ ಎಲ್ಲಿ ನಿಲ್ಲುತ್ತಿತ್ತೋ ಹೇಳಲಾರೆ. 2020ರ ಜುಲೈನಲ್ಲಿ ಅವರು ತೀರಿಕೊಂಡಾಗ ಅವರನ್ನು ರಂಗದ ಮೇಲೆ ಎಂದೂ ಕಾಣದ ಹುಡುಗರು ಫೋನಿನಲ್ಲಿ ಅವರ ದನಿ ಹುಡುಕಿ ಕೇಳಿದ್ದನ್ನು ಮಾತ್ರ ಕಂಡಿದ್ದೇನೆ.

ಬಿಗ್ ಬಾಸ್ ಕನ್ನಡದ ಹನ್ನೊಂದನೆಯ ಆವೃತ್ತಿಯಲ್ಲಿ ಫ್ಲೆಕ್ಸೂ ಫೋನೂ ಒಂದಾದವು. ಹಾವೇರಿ ಜಿಲ್ಲೆಯ ಕುರಿಗಾಹಿ ಹಾಡುಗಾರ ಹನುಮಂತ ಸ್ಪರ್ಧೆಯ ನಡುವೆ ಮನೆಯೊಳಗೆ ಹೋಗಿ, 2025ರ ಜನವರಿಯಲ್ಲಿ ಐದು ಕೋಟಿಗೂ ಹೆಚ್ಚು ಮತ ಪಡೆದು ಗೆದ್ದರು. ಮತ ಹಾಕಬೇಕಾದದ್ದು ಜಿಯೋಸಿನಿಮಾ ಆ್ಯಪಿನಲ್ಲಿ. ಆ ತಿಂಗಳು ನಾನು ಮಾಡಿದ ಫ್ಲೆಕ್ಸುಗಳಲ್ಲಿ ಸದಸ್ಯರ ಮುಖಗಳ ಜಾಗದಲ್ಲಿ ಆ್ಯಪ್ ಇಳಿಸಿಕೊಳ್ಳುವುದು ಹೇಗೆ, ಲಾಗಿನ್ ಆಗುವುದು ಹೇಗೆ, ಎಲ್ಲಿ ಒತ್ತಬೇಕು ಎಂಬ ಸೂಚನೆಗಳಿದ್ದವು. ಹಳ್ಳಿಯ ಕಟ್ಟೆಯ ಮೇಲೆ ಓದು ಬಲ್ಲ ಹುಡುಗಿ ಕೂತು ಅಜ್ಜಿಯರ ಫೋನುಗಳಿಂದ ಒಂದೊಂದಾಗಿ ಮತ ಹಾಕಿಸಿದಳೆಂದು ಆರ್ಡರ್ ಕೊಟ್ಟವರು ಹೇಳಿದರು. ಮತಗಳ ಆ ಮೊತ್ತದಿಂದ ಆ್ಯಪಿನವರಿಗೆ ಹೊಸ ಬಳಕೆದಾರರು ಬಿಟ್ಟಿಯಾಗಿ ಸಿಕ್ಕರು ಎಂಬುದು ನಿಜ. ನಮ್ಮ ಮಾತನ್ನಾಡುವವನೊಬ್ಬ ಗೆದ್ದ ಎಂಬ ಸಂತೋಷವೂ ಅಷ್ಟೇ ನಿಜ. ಆ ಸಂತೋಷವನ್ನು ಮೋಸಹೋದವರ ಸಂತೋಷವೆಂದು ನಾನು ಕರೆಯಲಾರೆ.

ಅಭಿಮಾನಿಗಳ ವಾಟ್ಸ್ಆ್ಯಪ್ ಗುಂಪುಗಳ ಇನ್ನೊಂದು ಮುಖವನ್ನು ಹೊರಗಿನವರು ಅಷ್ಟಾಗಿ ಕಂಡಿಲ್ಲ. ವಿಮ್ಸ್ ಎಂದೇ ಕರೆಯುವ ನಮ್ಮ ಊರಿನ ಸರ್ಕಾರಿ ಆಸ್ಪತ್ರೆಯಲ್ಲಿ ಯಾರಿಗೋ ಅಪರೂಪದ ಗುಂಪಿನ ರಕ್ತ ಬೇಕೆಂಬ ಸಂದೇಶ ನಡುರಾತ್ರಿ ಬಂದರೆ, ಹಗಲೆಲ್ಲ ಪರಸ್ಪರ ಬೈದಾಡಿದ ಎರಡು ಬಳಗಗಳಿಂದಲೂ ಹುಡುಗರು ಹೊರಡುತ್ತಾರೆ. 2021ರ ಅಕ್ಟೋಬರ್ 29ರಂದು ಪುನೀತ್ ತೀರಿಕೊಂಡು ಅವರ ಕಣ್ಣುಗಳು ದಾನವಾದ ಮೇಲೆ ರಾಜ್ಯದಲ್ಲಿ ನೇತ್ರದಾನಕ್ಕೆ ಹೆಸರು ಬರೆಸುವವರ ಸಂಖ್ಯೆ ಏರಿದ್ದಕ್ಕೂ ಇದೇ ಜಾಲಗಳ ನೆರವಿತ್ತು. ಇದಕ್ಕೆ ಟ್ರೆಂಡ್ ಪಟ್ಟಿ ಇಲ್ಲ, ಹಾಗಾಗಿ ಇದರ ಮೇಲೆ ಪೈಪೋಟಿಯೂ ಇಲ್ಲ.

ಕೊನೆಯದಾಗಿ, ಈಚೆಗೆ ಅಂಗಡಿಯಲ್ಲಿ ಹೆಚ್ಚು ಚರ್ಚೆಯಾಗುತ್ತಿರುವ ಒಂದು ವಿಷಯವಿದೆ, ಪುಟದ ಒಡೆತನ. ಸಂಘಕ್ಕೆ ಅಧ್ಯಕ್ಷ, ಖಜಾಂಚಿ, ವರ್ಗಣಿಯ ಪುಸ್ತಕ ಇರುತ್ತದೆ; ಅಭಿಮಾನಿ ಪುಟಕ್ಕೆ ಪಾಸ್‌ವರ್ಡ್ ಬಲ್ಲ ಅಡ್ಮಿನ್ ಒಬ್ಬನಿರುತ್ತಾನೆ. ವರ್ಷಗಟ್ಟಲೆ ನೂರಾರು ಜನ ಚಿತ್ರ, ಎಡಿಟ್, ಸುದ್ದಿ ಕೊಟ್ಟು ಬೆಳೆಸಿದ ಪುಟವನ್ನು ಅವನು ಮಾರಿದರೆ ಕೇಳುವವರಿಲ್ಲ. ಚುನಾವಣೆ ಹತ್ತಿರವಾದಾಗ ನಟನ ಹೆಸರಿನ ಪುಟವೊಂದು ಮುಖಂಡನೊಬ್ಬನ ಹೆಸರು ತಳೆದು, ಅದೇ ಹಿಂಬಾಲಕರೊಂದಿಗೆ ಪ್ರಚಾರಕ್ಕಿಳಿದದ್ದನ್ನು ನಮ್ಮ ಹುಡುಗರು ಕಂಡಿದ್ದಾರೆ. ಫೇಸ್‌ಬುಕ್ ಪುಟದ ಪಾರದರ್ಶಕತೆ ವಿಭಾಗದಲ್ಲಿ ಪುಟ ಯಾವಾಗ ಶುರುವಾಯಿತು, ಹಿಂದೆ ಯಾವ ಹೆಸರು ಹೊತ್ತಿತ್ತು ಎಂಬುದನ್ನು ಯಾರು ಬೇಕಾದರೂ ನೋಡಬಹುದು. ಅದನ್ನು ನೋಡಿಯೇ ಅವರಿಗೆ ತಮ್ಮ ಪುಟ ಎಲ್ಲಿಗೆ ಹೋಯಿತೆಂದು ತಿಳಿದದ್ದು. ಈಗ ಹೊಸ ಪುಟ ಮಾಡುವಾಗ ಮೂವರಿಗೆ ಅಡ್ಮಿನ್ ಅಧಿಕಾರ ಕೊಡಬೇಕು, ಅವರಲ್ಲೊಬ್ಬರು ಊರಲ್ಲೇ ಇರುವ ಹಿರಿಯರಾಗಿರಬೇಕು ಎಂದು ಒಂದು ಸಂಘದವರು ನಿಯಮ ಮಾಡಿಕೊಂಡಿದ್ದಾರೆ. ಆ ಹಿರಿಯರು ಯಾರಾಗಬೇಕೆಂಬ ಜಗಳ ಇನ್ನೂ ನಡೆದಿದೆ.